ಕಂತು ಚಿಕ್ಕದು, ಲೆಕ್ಕ ದೊಡ್ಡದು: ಗೃಹಸಾಲದ ಇತಿಹಾಸ ಕಲಿಸುವ ಪಾಠ

'ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು' ಎಂಬ ಗಾದೆಯನ್ನು ಕೇಳದವರು ನಮ್ಮಲ್ಲಿ ಯಾರಿದ್ದಾರೆ? ಹಿಂದೆ ಮನೆ ಏಳುತ್ತಿದ್ದುದು ಹಿರಿಯರು ಕೂಡಿಟ್ಟ ಹಣದಿಂದ, ಮನೆಯ ಹೆಂಗಸರ ಒಡವೆಯಿಂದ, ನೆಂಟರ ಕೈಗಡದಿಂದ. ಈ ವರ್ಷ ಎರಡು ಕೋಣೆ, ಕೈಯಲ್ಲಿ ಹಣ ಕೂಡಿದಾಗ ಇನ್ನೊಂದು ಕೋಣೆ. ಇಂದು ಹಾಗಲ್ಲ. ಕೆಲಸಕ್ಕೆ ಸೇರಿ ನಾಲ್ಕೈದು ವರ್ಷವಾದ ಯುವಕ ಯುವತಿಯರು ಇಪ್ಪತ್ತು ವರ್ಷಗಳ ಸಾಲಪತ್ರಕ್ಕೆ ಸಹಿ ಹಾಕುತ್ತಾರೆ. ಸಹಿ ಹಾಕುವ ಮುನ್ನ ಕೇಳುವ ಪ್ರಶ್ನೆ ಹೆಚ್ಚಾಗಿ ಒಂದೇ: 'ತಿಂಗಳ ಕಂತು ಎಷ್ಟು?' 'ಸಾಲ ತೀರುವ ಹೊತ್ತಿಗೆ ಒಟ್ಟು ಎಷ್ಟು ಕೊಟ್ಟಿರುತ್ತೇನೆ?' ಎಂದು ಕೇಳುವವರು ಕಡಿಮೆ.

ಪ್ರಿಯ ಓದುಗರೇ, ಈ ಎರಡನೆಯ ಪ್ರಶ್ನೆಗೆ ಒಂದು ದೀರ್ಘ ಇತಿಹಾಸವಿದೆ. ಸಾಲಗಾರನಿಗೆ ಪೂರ್ತಿ ಲೆಕ್ಕ ಕಾಣದಿದ್ದಾಗ ಏನಾಯಿತು, ಕಂಡಾಗ ಏನು ಬದಲಾಯಿತು ಎಂಬುದನ್ನು ಆ ಇತಿಹಾಸ ತೋರಿಸುತ್ತದೆ. ಮುಂದೊಂದು ದಿನ ಮನೆಯ ಕನಸು ಕಾಣಲಿರುವ ವಿದ್ಯಾರ್ಥಿಗಳಿಗೆ ಇದು ತಿಳಿದಿರಬೇಕು.

ಭೋಗ್ಯದಿಂದ ಅಡಮಾನಕ್ಕೆ

ಸ್ಥಿರಾಸ್ತಿಯನ್ನು ಆಧಾರವಾಗಿಟ್ಟು ಸಾಲ ಪಡೆಯುವುದು ನಮ್ಮ ನಾಡಿಗೆ ಹೊಸದಲ್ಲ. ಒತ್ತೆ, ಅಡಮಾನ, ಭೋಗ್ಯ ಎಂಬ ಪದಗಳೇ ಅದಕ್ಕೆ ಸಾಕ್ಷಿ. ಭೋಗ್ಯದಲ್ಲಿ ಸಾಲ ಕೊಟ್ಟವನು ಬಡ್ಡಿಯ ಬದಲು ಜಮೀನಿನ ಫಸಲನ್ನೋ ಮನೆಯ ವಾಸವನ್ನೋ ಅನುಭವಿಸುತ್ತಾನೆ. ಅಸಲು ಹಿಂದಿರುಗಿದ ದಿನ ಆಸ್ತಿ ಮಾಲೀಕನಿಗೆ ಮರಳುತ್ತದೆ. ಬೆಂಗಳೂರಿನಲ್ಲಿ ಇಂದಿಗೂ 'ಮನೆ ಭೋಗ್ಯಕ್ಕಿದೆ' ಎಂಬ ಫಲಕಗಳನ್ನು ಕಾಣಬಹುದು. 1882ರ ಸ್ವತ್ತು ಹಸ್ತಾಂತರ ಕಾಯ್ದೆ ಅಡಮಾನದ ಬೇರೆ ಬೇರೆ ಬಗೆಗಳನ್ನು ವಿವರಿಸಿ, ಸಾಲ ತೀರಿಸಿ ಆಸ್ತಿಯನ್ನು ಬಿಡಿಸಿಕೊಳ್ಳುವ ಹಕ್ಕನ್ನು ಸಾಲಗಾರನಿಗೆ ನೀಡಿತು. ಇಂದು ಬ್ಯಾಂಕಿಗೆ ಮನೆಯ ಮೂಲ ಪತ್ರಗಳನ್ನು ಒಪ್ಪಿಸಿ ನಾವು ಸಾಲ ಪಡೆಯುವ ಕ್ರಮವೂ ಅದೇ ಕಾಯ್ದೆಯಲ್ಲಿದೆ.

ಆದರೆ ಹಕ್ಕಿದ್ದರೆ ಸಾಲದು, ಲೆಕ್ಕವೂ ತಿಳಿಯಬೇಕು. 1855ರಲ್ಲಿ ಬ್ರಿಟಿಷ್ ಸರ್ಕಾರ ಬಡ್ಡಿಯ ಮಿತಿಯ ಹಳೆಯ ಕಾನೂನುಗಳನ್ನು ರದ್ದುಪಡಿಸಿತು. ಎರಡು ದಶಕಗಳ ನಂತರ, 1875ರ ಮೇ ತಿಂಗಳಲ್ಲಿ, ಪುಣೆ ಜಿಲ್ಲೆಯ ಸುಪೆ ಎಂಬಲ್ಲಿ ರೈತರು ಸಾಹುಕಾರರ ವಿರುದ್ಧ ಎದ್ದರು. ದಂಗೆ ಅಹಮದ್‌ನಗರ ಜಿಲ್ಲೆಗೂ ಹಬ್ಬಿತು. ಗಮನಿಸಬೇಕಾದ ಸಂಗತಿಯೆಂದರೆ, ಬಹುತೇಕ ಕಡೆ ರೈತರು ಕೈ ಹಾಕಿದ್ದು ಸಾಹುಕಾರರ ಪ್ರಾಣಕ್ಕಲ್ಲ, ಅವರಲ್ಲಿದ್ದ ಸಾಲಪತ್ರಗಳಿಗೆ. ಓದು ಬಾರದವರ ಹೆಬ್ಬೆಟ್ಟು ಒತ್ತಿಸಿಕೊಂಡ ಆ ಕಾಗದಗಳು ಬೆಂಕಿಗೆ ಹೋದವು. ಪರಿಣಾಮವಾಗಿ 1879ರಲ್ಲಿ ಡೆಕ್ಕನ್ ರೈತರ ಪರಿಹಾರ ಕಾಯ್ದೆ ಬಂತು. ಪತ್ರದಲ್ಲಿ ಬರೆದ ಮೊತ್ತವನ್ನಷ್ಟೇ ನೋಡದೆ, ಸಾಲ ಬೆಳೆದ ಪೂರ್ತಿ ಚರಿತ್ರೆಯನ್ನು ಪರಿಶೀಲಿಸುವ ಅಧಿಕಾರ ನ್ಯಾಯಾಲಯಕ್ಕೆ ಸಿಕ್ಕಿತು. ಕೊಟ್ಟ ಹಣಕ್ಕೆ ರಶೀದಿ ಮತ್ತು ಲೆಕ್ಕದ ವಿವರ ಪಡೆಯುವುದು ರೈತನ ಹಕ್ಕಾಯಿತು. 'ಲೆಕ್ಕ ತೋರಿಸಿ' ಎಂಬ ಬೇಡಿಕೆ ಹೀಗೆ ಕಾನೂನಿನ ಪುಟ ಸೇರಿತು.

ದೀರ್ಘಾವಧಿ ಸಾಲ ಹುಟ್ಟಿದ ಬಗೆ

ಇಂದಿನ ಗೃಹಸಾಲದ ರೂಪ ತಿಳಿಯಬೇಕಾದರೆ ಅಮೆರಿಕದತ್ತ ನೋಡಬೇಕು. 1920ರ ದಶಕದಲ್ಲಿ ಅಲ್ಲಿನ ಬ್ಯಾಂಕುಗಳ ಗೃಹಸಾಲ ಸಾಮಾನ್ಯವಾಗಿ ಐದಾರು ವರ್ಷದ್ದು. ಸಾಲಗಾರ ಅಷ್ಟು ವರ್ಷ ಬಹುಮಟ್ಟಿಗೆ ಬಡ್ಡಿಯನ್ನಷ್ಟೇ ಕಟ್ಟುತ್ತಿದ್ದ. ಅವಧಿ ಮುಗಿದಾಗ ಅಸಲನ್ನು ಒಂದೇ ಬಾರಿಗೆ ಕೊಡಬೇಕು, ಇಲ್ಲವೇ ಹೊಸ ಸಾಲ ಪಡೆದು ಹಳೆಯದನ್ನು ತೀರಿಸಬೇಕು. 1929ರ ನಂತರ ಆರ್ಥಿಕ ಮಹಾಕುಸಿತ ಬಂದಾಗ ಹೊಸ ಸಾಲ ಕೊಡುವವರೇ ಇಲ್ಲವಾದರು. ಲಕ್ಷಾಂತರ ಕುಟುಂಬಗಳು ಮನೆ ಕಳೆದುಕೊಂಡವು.

ಆಗ ರೂಸ್‌ವೆಲ್ಟ್ ಸರ್ಕಾರ 1933ರಲ್ಲಿ ಹೋಮ್ ಓನರ್ಸ್ ಲೋನ್ ಕಾರ್ಪೊರೇಷನ್ ಸ್ಥಾಪಿಸಿತು. ಅದು ಸುಮಾರು ಹತ್ತು ಲಕ್ಷ ಕುಟುಂಬಗಳ ಸಾಲವನ್ನು ಶೇಕಡಾ 5ರ ಬಡ್ಡಿಯ, 15 ವರ್ಷಗಳ ಸಮಾನ ಕಂತಿನ ಸಾಲವಾಗಿ ಬದಲಾಯಿಸಿತು. ಪ್ರತಿ ಕಂತಿನಲ್ಲೂ ಬಡ್ಡಿಯ ಜೊತೆ ಅಸಲಿನ ಒಂದು ಪಾಲು. ಕೊನೆಯ ಕಂತಿನೊಂದಿಗೆ ಸಾಲ ಸೊನ್ನೆ. ಇದು ನಿಜಕ್ಕೂ ಜನರ ಬದುಕನ್ನು ಉಳಿಸಿದ ಸುಧಾರಣೆ. 1934ರಲ್ಲಿ ಆರಂಭವಾದ ಫೆಡರಲ್ ಹೌಸಿಂಗ್ ಅಡ್ಮಿನಿಸ್ಟ್ರೇಷನ್ ಇಂತಹ ಸಾಲಗಳಿಗೆ ವಿಮೆ ನೀಡಿತು. ಅವಧಿ 20 ವರ್ಷವಾಯಿತು, ಮುಂದಿನ ದಶಕಗಳಲ್ಲಿ 30 ವರ್ಷವಾಯಿತು.

ಅವಧಿ ಬೆಳೆದಂತೆ ಕಂತು ಕುಗ್ಗಿತು, ಕಂತು ಕುಗ್ಗಿದಂತೆ ಸಾಲಗಾರನ ಕಣ್ಣಿನಿಂದ ಒಟ್ಟು ಮೊತ್ತ ದೂರ ಸರಿಯಿತು. 1968ರಲ್ಲಿ ಅಮೆರಿಕ 'ಟ್ರೂತ್ ಇನ್ ಲೆಂಡಿಂಗ್' ಕಾಯ್ದೆ ತಂದು, ಸಾಲದ ನಿಜವಾದ ವಾರ್ಷಿಕ ದರವನ್ನು ಬರಹದಲ್ಲಿ ತಿಳಿಸುವುದನ್ನು ಕಡ್ಡಾಯ ಮಾಡಿತು. ಇಷ್ಟಾದರೂ ಆರಂಭದ ಎರಡು ಮೂರು ವರ್ಷ ಚಿಕ್ಕ ಕಂತು ತೋರಿಸಿ ನಂತರ ಏರಿಸುವ ಸಾಲಗಳು 2000ದ ದಶಕದಲ್ಲಿ ಆ ದೇಶದಲ್ಲಿ ಹರಡಿದವು. 2008ರ ಸೆಪ್ಟೆಂಬರಿನಲ್ಲಿ ಲೇಮನ್ ಬ್ರದರ್ಸ್ ಕುಸಿದಾಗ ಅದರ ಪೆಟ್ಟು ಇಡೀ ಜಗತ್ತಿಗೆ ತಗುಲಿತು.

ನಮ್ಮ ದೇಶದ ಹಾದಿ

ನಮ್ಮಲ್ಲಿ ಈ ದಾರಿಯ ಮೊದಲ ಹೆಜ್ಜೆ ಕರ್ನಾಟಕದಲ್ಲೇ ಇದೆ. 1909ರಲ್ಲಿ ಆರಂಭವಾದ ಬೆಂಗಳೂರಿನ ಗೃಹನಿರ್ಮಾಣ ಸಹಕಾರ ಸಂಘವನ್ನು ದೇಶದ ಮೊದಲ ಗೃಹನಿರ್ಮಾಣ ಸಹಕಾರ ಸಂಘವೆಂದು ಗುರುತಿಸಲಾಗುತ್ತದೆ. ಸ್ವಾತಂತ್ರ್ಯಾನಂತರ 1970ರಲ್ಲಿ ಹುಡ್ಕೋ ಬಂತು. 1977ರಲ್ಲಿ ಹಸ್ಮುಖ್ ಪಾರೇಖ್ ಅವರು ಎಚ್.ಡಿ.ಎಫ್.ಸಿ. ಸ್ಥಾಪಿಸಿ, ಮಧ್ಯಮ ವರ್ಗದ ಸಂಬಳದಾರರಿಗೆ ದೀರ್ಘಾವಧಿ ಸಾಲದ ಬಾಗಿಲು ತೆರೆದರು. 1988ರಲ್ಲಿ ರಾಷ್ಟ್ರೀಯ ವಸತಿ ಬ್ಯಾಂಕ್ ಸ್ಥಾಪನೆಯಾಯಿತು.

ಉದಾರೀಕರಣದ ನಂತರ ಬ್ಯಾಂಕುಗಳ ನಡುವೆ ಪೈಪೋಟಿ ಹೆಚ್ಚಿ, ಬಡ್ಡಿ ಇಳಿಯಿತು. ಆದಾಯ ತೆರಿಗೆಯ ವಿನಾಯಿತಿಯೂ ಉತ್ತೇಜನ ನೀಡಿತು. ಸ್ವಂತ ವಾಸದ ಮನೆಯ ಸಾಲದ ಬಡ್ಡಿಗೆ ಈ ವಿನಾಯಿತಿಯ ಮಿತಿ 2014ರಲ್ಲಿ ವರ್ಷಕ್ಕೆ 2 ಲಕ್ಷ ರೂಪಾಯಿಗೆ ಏರಿತು. ಆದರೆ ಹೊಸ ತೆರಿಗೆ ಪದ್ಧತಿಯನ್ನು ಆರಿಸಿಕೊಂಡವರಿಗೆ ಈ ವಿನಾಯಿತಿ ಸಿಗುವುದಿಲ್ಲ ಎಂಬುದನ್ನು ಮರೆಯಬಾರದು. 'ತೆರಿಗೆ ಉಳಿಯುತ್ತದೆ' ಎಂಬ ಮಾತನ್ನು ನಂಬಿ ಸಾಲ ಮಾಡುವವರು ಮೊದಲು ತಮ್ಮ ಪದ್ಧತಿ ಯಾವುದೆಂದು ನೋಡಿಕೊಳ್ಳಬೇಕು.

ಹತ್ತು ಲಕ್ಷದ ಲೆಕ್ಕ

ಈಗ ಪೆನ್ನು ಕಾಗದ ತೆಗೆದುಕೊಳ್ಳಿ. ಹತ್ತು ಲಕ್ಷ ರೂಪಾಯಿ ಸಾಲ, ಶೇಕಡಾ 9ರ ಬಡ್ಡಿ ಎಂದಿಟ್ಟುಕೊಳ್ಳೋಣ.

15 ವರ್ಷಕ್ಕೆ ಕಂತು ಸುಮಾರು 10,143 ರೂಪಾಯಿ. ಒಟ್ಟು ಕೊಡುವುದು 18 ಲಕ್ಷದ 26 ಸಾವಿರ.
20 ವರ್ಷಕ್ಕೆ ಕಂತು 8,997 ರೂಪಾಯಿ; ಒಟ್ಟು 21 ಲಕ್ಷದ 59 ಸಾವಿರ.
30 ವರ್ಷಕ್ಕೆ ಕಂತು 8,046 ರೂಪಾಯಿ; ಒಟ್ಟು 28 ಲಕ್ಷದ 97 ಸಾವಿರ.

ಇಪ್ಪತ್ತು ವರ್ಷದ ಸಾಲವನ್ನು ಮೂವತ್ತಕ್ಕೆ ಎಳೆದರೆ ತಿಂಗಳಿಗೆ ಉಳಿಯುವುದು ಸಾವಿರ ರೂಪಾಯಿಗೂ ಕಡಿಮೆ. ಅದಕ್ಕೆ ತೆರುವ ಬೆಲೆ ಏಳು ಲಕ್ಷಕ್ಕೂ ಹೆಚ್ಚು.

ಇನ್ನೂ ಒಳಗೆ ನೋಡೋಣ. 20 ವರ್ಷದ ಸಾಲದ ಮೊದಲ ಕಂತು 8,997 ರೂಪಾಯಿಯಲ್ಲಿ ಬಡ್ಡಿಯೇ 7,500. ಅಸಲಿಗೆ ಜಮೆಯಾಗುವುದು ಸುಮಾರು 1,497 ಮಾತ್ರ. ಐದು ವರ್ಷ ತಪ್ಪದೆ ಕಟ್ಟಿದರೆ ಕೈಬಿಟ್ಟ ಹಣ ಸುಮಾರು 5 ಲಕ್ಷದ 40 ಸಾವಿರ. ಸಾಲ ಇಳಿದದ್ದು 1 ಲಕ್ಷದ 13 ಸಾವಿರ. ಅಸಲಿನ ಅರ್ಧ ತೀರಬೇಕಾದರೆ 14 ವರ್ಷ ಬೇಕು. ಸಾಲ ತೆಗೆದ ವರ್ಷ ಒಂದನೇ ತರಗತಿಗೆ ಸೇರಿದ ಮಗು ಪಿ.ಯು.ಸಿ. ದಾಟಿ ಪದವಿಯ ಎರಡನೇ ವರ್ಷ ಮುಗಿಸುವಾಗ ತಂದೆ ತಾಯಿಯ ತಲೆಯ ಮೇಲೆ ಇನ್ನೂ ಐದು ಲಕ್ಷ ಇರುತ್ತದೆ. ಶುಲ್ಕ, ಹಾಸ್ಟೆಲ್, ಪುಸ್ತಕದ ಖರ್ಚು ಏರುವ ಕಾಲವೂ ಅದೇ. ಮನೆಯ ಸಾಲ ಮಕ್ಕಳ ಓದಿನ ಪ್ರಶ್ನೆಯೂ ಹೌದು ಎನ್ನುವುದು ಈ ಕಾರಣಕ್ಕೆ.

ಇದರಲ್ಲಿ ಮೋಸವೇನೂ ಇಲ್ಲ, ಇದು ಗಣಿತ. ಉಳಿದ ಅಸಲಿನ ಮೇಲೆ ಬಡ್ಡಿ ಲೆಕ್ಕವಾಗುತ್ತದೆ. ಆರಂಭದಲ್ಲಿ ಅಸಲು ದೊಡ್ಡದು, ಆದ್ದರಿಂದ ಬಡ್ಡಿಯೂ ದೊಡ್ಡದು. ಇನ್ನೊಂದು ಮಾತನ್ನೂ ನ್ಯಾಯವಾಗಿ ಹೇಳಬೇಕು. ಇಪ್ಪತ್ತು ವರ್ಷದ ನಂತರ ಕೊಡುವ ರೂಪಾಯಿಗೆ ಇಂದಿನ ರೂಪಾಯಿಯ ಬೆಲೆ ಇರುವುದಿಲ್ಲ. ಸ್ವಂತ ಮನೆಯಿದ್ದರೆ ಬಾಡಿಗೆ ಉಳಿಯುತ್ತದೆ. ಹಾಗಾಗಿ ಗೃಹಸಾಲವೆಲ್ಲ ನಷ್ಟವೆಂದು ಹೇಳಲಾಗದು. ಆದರೆ ನೋಂದಣಿ, ಮುದ್ರಾಂಕ ಶುಲ್ಕ, ಸಾಲದ ಸಂಸ್ಕರಣಾ ಶುಲ್ಕ, ವಿಮೆ, ದುರಸ್ತಿ, ಮನೆ ಕಂದಾಯ ಇವೆಲ್ಲ ಕಂತಿನ ಹೊರಗೇ ಇವೆ ಎಂಬುದೂ ಅಷ್ಟೇ ನಿಜ.

ಬದಲಾಗುವ ಬಡ್ಡಿ, ಬೆಳೆಯುವ ವರ್ಷ

ನಮ್ಮ ದೇಶದ ಗೃಹಸಾಲಗಳಲ್ಲಿ ಹೆಚ್ಚಿನವು ಬದಲಾಗುವ ಬಡ್ಡಿಯವು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳ ಇಂತಹ ಹೊಸ ಸಾಲಗಳನ್ನು ರೆಪೊದಂತಹ ಹೊರಗಿನ ದರಕ್ಕೆ ಜೋಡಿಸಲಾಗಿದೆ. 2020ರ ಮೇ ತಿಂಗಳಲ್ಲಿ ಶೇಕಡಾ 4ಕ್ಕೆ ಇಳಿದಿದ್ದ ರೆಪೊ ದರ, 2022ರ ಮೇ ತಿಂಗಳಿನಿಂದ ಏರತೊಡಗಿ 2023ರ ಫೆಬ್ರವರಿಯಲ್ಲಿ ಶೇಕಡಾ 6.5 ಮುಟ್ಟಿತು. 2025ರಲ್ಲಿ ಮತ್ತೆ ಇಳಿಯಿತು. ಏರಿಕೆಯ ಕಾಲದಲ್ಲಿ ಅನೇಕರ ಕಂತು ಏರಲಿಲ್ಲ, ಅವಧಿ ಸದ್ದಿಲ್ಲದೆ ಬೆಳೆಯಿತು. ಶೇಕಡಾ 7ರಂತೆ 20 ವರ್ಷಕ್ಕೆ ಹತ್ತು ಲಕ್ಷ ಪಡೆದವರ ಕಂತು 7,753 ರೂಪಾಯಿ. ಸಾಲ ಪಡೆದ ಹೊಸದರಲ್ಲೇ ಬಡ್ಡಿ ಶೇಕಡಾ 9ಕ್ಕೆ ಏರಿ, ಕಂತನ್ನು ಮಾತ್ರ ಹಾಗೆಯೇ ಬಿಟ್ಟರೆ, ಸಾಲ ತೀರಲು 38 ವರ್ಷ ಬೇಕಾಗುತ್ತದೆ! ಮೂವತ್ತನೇ ವಯಸ್ಸಿನಲ್ಲಿ ಸಾಲ ಪಡೆದವರು ನಿವೃತ್ತಿಯ ನಂತರವೂ ಕಂತು ಕಟ್ಟುತ್ತಿರಬೇಕು. 2023ರ ಆಗಸ್ಟಿನಲ್ಲಿ ರಿಸರ್ವ್ ಬ್ಯಾಂಕ್ ಈ ಬಗ್ಗೆ ಸೂಚನೆ ಹೊರಡಿಸಿತು. ದರ ಬದಲಾದಾಗ ಕಂತು ಏರಿಸಬೇಕೋ ಅವಧಿ ಹೆಚ್ಚಿಸಬೇಕೋ ಎಂಬ ಆಯ್ಕೆಯನ್ನು ಸಾಲಗಾರರಿಗೆ ನೀಡಬೇಕೆಂದು ಅದು ಹೇಳಿತು.

ಬಡ್ಡಿಯಿಂದ ದೂರವಿರಬಯಸುವವರು

ನಮ್ಮ ಓದುಗರಲ್ಲಿ ಅನೇಕರು ಧಾರ್ಮಿಕ ಕಾರಣದಿಂದ ಬಡ್ಡಿಯ ವ್ಯವಹಾರಕ್ಕೆ ಕೈ ಹಾಕುವುದಿಲ್ಲ. 2008ರಲ್ಲಿ ರಘುರಾಮ್ ರಾಜನ್ ಸಮಿತಿ ಬಡ್ಡಿರಹಿತ ಬ್ಯಾಂಕಿಂಗ್ ಸೌಲಭ್ಯಕ್ಕೆ ಶಿಫಾರಸು ಮಾಡಿತ್ತು. 2017ರಲ್ಲಿ ರಿಸರ್ವ್ ಬ್ಯಾಂಕ್ ಆ ಪ್ರಸ್ತಾವವನ್ನು ಮುಂದುವರಿಸದಿರಲು ನಿರ್ಧರಿಸಿತು. ಗಲ್ಫ್ ದೇಶಗಳಲ್ಲಿ ಪ್ರಚಲಿತವಿರುವ ಮುರಾಬಹಾ ಪದ್ಧತಿಯಲ್ಲಿ ಸಂಸ್ಥೆಯೇ ಆಸ್ತಿಯನ್ನು ಕೊಂಡು, ತನ್ನ ಲಾಭವನ್ನು ತಿಳಿಸಿ, ಗ್ರಾಹಕನಿಗೆ ಕಂತಿನಲ್ಲಿ ಮಾರುತ್ತದೆ. ಒಟ್ಟು ಬೆಲೆ ಮೊದಲ ದಿನವೇ ನಿಗದಿಯಾಗುತ್ತದೆ. ಅಲ್ಲಿ ಕೂಡ ಆ ಒಟ್ಟು ಬೆಲೆಯನ್ನು ಮಾರುಕಟ್ಟೆಯ ಬೆಲೆಯೊಂದಿಗೆ ಹೋಲಿಸಿ ನೋಡುವುದು ಕೊಳ್ಳುವವರ ಹೊಣೆ. ಕುರ್‌ಆನಿನ ಅತಿ ದೀರ್ಘ ವಚನ ಸಾಲದ ಬಗ್ಗೆಯೇ ಇದೆ. ಅವಧಿ ಗೊತ್ತುಮಾಡಿದ ಸಾಲವನ್ನು ಸಾಕ್ಷಿಗಳ ಸಮ್ಮುಖದಲ್ಲಿ ಬರೆದಿಡಬೇಕೆಂದು ಅದು ಆದೇಶಿಸುತ್ತದೆ. ಸ್ಪಷ್ಟ ಲೆಕ್ಕದ ಮಹತ್ವ ನಮಗೆ ಹೊಸದಲ್ಲ.

ನಾವು ಮಾಡಬೇಕಾದುದು

2024ರ ಅಕ್ಟೋಬರ್ 1ರಿಂದ ಮಂಜೂರಾಗುವ ಎಲ್ಲ ಚಿಲ್ಲರೆ ಸಾಲಗಳಿಗೆ 'ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್', ಅಂದರೆ ಮುಖ್ಯಾಂಶಗಳ ಪತ್ರ, ಕೊಡುವುದು ಕಡ್ಡಾಯವಾಗಿದೆ. ಶುಲ್ಕಗಳನ್ನೂ ಸೇರಿಸಿದ ನಿಜವಾದ ವಾರ್ಷಿಕ ದರ ಅದರಲ್ಲಿರುತ್ತದೆ. ಅದು ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿರಬೇಕೆಂಬ ನಿಯಮವೂ ಇದೆ. ಆದ್ದರಿಂದ ಸಂಕೋಚವಿಲ್ಲದೆ ಕನ್ನಡದಲ್ಲಿ ಕೇಳಿ ಪಡೆಯಿರಿ. ಮನೆಗೆ ತಂದು, ಮಡದಿ ಮಕ್ಕಳೊಂದಿಗೆ ಕುಳಿತು ಓದಿ, ಆಮೇಲೆ ಸಹಿ ಹಾಕಿ.

ಎರಡನೆಯದಾಗಿ, ಕೈಗೆ ಹಣ ಬಂದಾಗ ಮುಂಚಿತವಾಗಿ ಅಸಲಿಗೆ ಕಟ್ಟಿ. ಬದಲಾಗುವ ಬಡ್ಡಿಯ ಗೃಹಸಾಲವನ್ನು ಮೊದಲೇ ತೀರಿಸಿದರೆ ಬ್ಯಾಂಕು ದಂಡ ವಿಧಿಸಬಾರದೆಂದು 2012ರಲ್ಲೇ ರಿಸರ್ವ್ ಬ್ಯಾಂಕ್ ಆದೇಶಿಸಿದೆ. ಮೇಲೆ ಹೇಳಿದ ಶೇಕಡಾ 9ರ 20 ವರ್ಷದ ಸಾಲದಲ್ಲಿ, ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಹೆಚ್ಚಿಗೆ ಕಟ್ಟಿ ಕಂತನ್ನು ಹಾಗೆಯೇ ಮುಂದುವರಿಸಿದರೆ ಅವಧಿ ನಾಲ್ಕು ವರ್ಷಕ್ಕೂ ಹೆಚ್ಚು ಕುಗ್ಗುತ್ತದೆ, ಸುಮಾರು ಮೂರೂವರೆ ಲಕ್ಷ ಬಡ್ಡಿ ಉಳಿಯುತ್ತದೆ. ಅದೇ ಒಂದು ಲಕ್ಷವನ್ನು ಹದಿನೈದನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು ಐವತ್ತು ಸಾವಿರಕ್ಕೂ ಕಡಿಮೆ. ಮೂರನೆಯದಾಗಿ, ವರ್ಷಕ್ಕೊಮ್ಮೆಯಾದರೂ ಬಾಕಿ ಎಷ್ಟು, ಉಳಿದ ಕಂತುಗಳೆಷ್ಟು ಎಂದು ಪತ್ರ ತರಿಸಿ ನೋಡಿ.

ವಿದ್ಯಾರ್ಥಿ ಮಿತ್ರರೇ, ಚಕ್ರಬಡ್ಡಿಯ ಲೆಕ್ಕವನ್ನು ಪರೀಕ್ಷೆಯ ಅಂಕಕ್ಕಾಗಿ ಕಲಿತು ಮರೆಯಬೇಡಿ. ಮನೆಯಲ್ಲಿ ಹಿರಿಯರು ಸಾಲದ ಮಾತು ಎತ್ತಿದಾಗ ಕಾಗದ ಹಿಡಿದು ಅವರ ಪಕ್ಕ ಕುಳಿತುಕೊಳ್ಳಿ. 1875ರ ರೈತನಿಗೆ ತಾನು ಹೆಬ್ಬೆಟ್ಟು ಒತ್ತಿದ ಪತ್ರವನ್ನು ಓದಿ ಹೇಳುವವರು ಮನೆಯಲ್ಲಿ ಇರಲಿಲ್ಲ. ನಿಮ್ಮ ಮನೆಯಲ್ಲಿ ನೀವಿದ್ದೀರಿ.