ಕಾಫಿ ಸೋಸುವ ಕಾಗದದ ಕಥೆ

ನಿಮ್ಮಲ್ಲಿ ಹಲವರ ಮನೆಯ ಕಾಫಿ ಯಂತ್ರದಲ್ಲಿ ಬಳಕೆಯಾಗುವ ಸೋಸುಕಾಗದದ ಮೂಲ ಶಾಲಾ ಬಾಲಕನೊಬ್ಬನ ನೋಟುಪುಸ್ತಕದಲ್ಲಿದೆ.

1908ರಲ್ಲಿ ಜರ್ಮನಿಯ ಡ್ರೆಸ್ಡೆನ್ ನಗರದ ಗೃಹಿಣಿ ಮೆಲಿಟ್ಟಾ ಬೆಂಟ್ಸ್, ಚರಟ ತುಂಬಿದ ಕಹಿ ಕಾಫಿಯಿಂದ ಬೇಸತ್ತು, ಹಿತ್ತಾಳೆ ಪಾತ್ರೆಯ ತಳಕ್ಕೆ ಮೊಳೆಯಿಂದ ತೂತುಗಳನ್ನು ಹೊಡೆದು, ಮಗನ ಪುಸ್ತಕದಲ್ಲಿದ್ದ ಬ್ಲಾಟಿಂಗ್ ಕಾಗದವನ್ನು ಅದರೊಳಗೆ ಹಾಸಿದರು. ಮಸಿ ಹೀರುವ ಕಾಗದ ಕಾಫಿಯನ್ನು ತಿಳಿಯಾಗಿಸಿತು. ಅದೇ ಡಿಸೆಂಬರಿನಲ್ಲಿ ಅವರು 73 ಫೆನಿಗ್, ಅಂದರೆ ಒಂದು ಮಾರ್ಕಿಗೂ ಕಡಿಮೆ ಬಂಡವಾಳದಿಂದ ಆರಂಭಿಸಿದ ಉದ್ಯಮ ಇಂದಿಗೂ ನಡೆದಿದೆ. 1930ರ ದಶಕದಲ್ಲಿ ಶಂಕುವಿನಾಕಾರದ ಶೋಧಕವೂ ಅದಕ್ಕೊಪ್ಪುವ ಕಾಗದದ ಚೀಲವೂ ಬಂದವು. 1941ರಲ್ಲಿ ರಸಾಯನಶಾಸ್ತ್ರಜ್ಞ ಪೀಟರ್ ಶ್ಲುಂಬೋಮ್ ಅಮೆರಿಕದಲ್ಲಿ ರೂಪಿಸಿದ ಕೆಮೆಕ್ಸ್ ಗಾಜಿನ ಪಾತ್ರೆಗೆ ಇನ್ನೂ ದಪ್ಪ ಕಾಗದ ಒದಗಿತು.

ಆಯ್ಕೆಯ ಸೂತ್ರ ಈ ಇತಿಹಾಸದಲ್ಲೇ ಇದೆ. ಕಾಗದದ ಆಕಾರವೂ ಅಳತೆಯೂ ಪಾತ್ರೆಗೆ ಹೊಂದಬೇಕು. ಇಲ್ಲವಾದರೆ ಅಂಚು ಮಡಚಿಕೊಂಡು ಚರಟ ಕೆಳಗಿಳಿಯುತ್ತದೆ. ದಪ್ಪ ಕಾಗದದಲ್ಲಿ ನೀರು ನಿಧಾನವಾಗಿ ಇಳಿಯುವುದರಿಂದ ಪುಡಿ ತುಸು ದಪ್ಪಗಿರಲಿ. ಬಿಳುಪುಗೊಳಿಸದ ಕಂದು ಕಾಗದವನ್ನು ಮೊದಲು ಬಿಸಿನೀರಿನಲ್ಲಿ ತೋಯಿಸಿದರೆ ಅದರ ವಾಸನೆ ತಗ್ಗುತ್ತದೆ.

ನಮ್ಮ ಡಿಕಾಕ್ಷನ್ ಫಿಲ್ಟರಿಗೆ ಕಾಗದ ಬೇಕಿಲ್ಲ. ಸಣ್ಣ ತೂತುಗಳೇ ಸಾಕು. ಆದರೆ ಕಾಫಿಯ ಎಣ್ಣೆಯಂಶದಲ್ಲಿರುವ ಕೆಫೆಸ್ಟಾಲ್ ಎಂಬ ವಸ್ತು ರಕ್ತದ ಕೊಲೆಸ್ಟರಾಲನ್ನು ಏರಿಸುತ್ತದೆ. ಕಾಗದ ಅದರ ಬಹುಭಾಗವನ್ನು ತಡೆಯುತ್ತದೆ. ಲೋಹದ ತೂತುಗಳು ಅಷ್ಟು ತಡೆಯಲಾರವು. ನಾನು ಡಿಕಾಕ್ಷನ್ನಿನ ಪಕ್ಷಪಾತಿಯೇ. ಆದರೂ ವೈದ್ಯರಿಂದ ಕೊಲೆಸ್ಟರಾಲಿನ ಎಚ್ಚರಿಕೆ ಪಡೆದ ಹಿರಿಯರು ಮನೆಯಲ್ಲಿದ್ದರೆ, ಅವರ ಲೋಟಕ್ಕೆ ಕಾಗದದಲ್ಲಿ ಸೋಸಿದ ಕಾಫಿಯೇ ಮೇಲೆಂಬುದು ನನ್ನ ಸಲಹೆ.