ಸೀಗಡಿಗೂ ಒಂದು ನಡುಪಟ್ಟಿ

ಮೆನುವಿನಲ್ಲಿ ಇಂಗ್ಲಿಷ್ ಅಕ್ಷರಗಳಲ್ಲಿರುವ ಆ ಪದವನ್ನು ಕನ್ನಡಿಗರು ಮೊದಲ ಸಲ ಓದಿದಾಗ ನಾಲಿಗೆ ತಾನಾಗಿ ‘ಫಜೀತ’ ಎನ್ನುತ್ತದೆ. ಬೆನ್ನಿಗೇ ‘ಫಜೀತಿ’ ನೆನಪಾಗುತ್ತದೆ. ಎರಡಕ್ಕೂ ನಂಟಿಲ್ಲ. ಫಜೀತಿಯ ಬೇರು ಅರಬ್ಬಿಯಲ್ಲಿದೆ. ಅಲ್ಲಿ ಮಾನಭಂಗ ಎಂಬ ಅರ್ಥವಿದ್ದ ಪದ ಪಾರಸಿ, ಮರಾಠಿಗಳನ್ನು ಹಾದು ನಮ್ಮಲ್ಲಿಗೆ ಬರುವಷ್ಟರಲ್ಲಿ ಬರೀ ಪೇಚಾಟವಾಗಿ ಉಳಿಯಿತು. ಟೆಕ್ಸಸ್ಸಿನ ಊಟದ ಮನೆಗಳಲ್ಲಿರುವುದು ಸ್ಪ್ಯಾನಿಷ್ ಪದ. ಆ ಭಾಷೆಯ ‘ಜೆ’ಗೆ ಗಂಟಲಿನ ಹಕಾರ. ಹಾಗಾಗಿ ಫಹೀತ.

ಫಾಹ ಎಂದರೆ ನಡುಪಟ್ಟಿ, ಸೊಂಟಕ್ಕೆ ಸುತ್ತುವ ಬಟ್ಟೆ. ‘ಈತ’ ಸೇರಿದರೆ ಅದು ಪುಟ್ಟದಾಗುತ್ತದೆ, ಸ್ವಲ್ಪ ಮುದ್ದಿನದೂ ಆಗುತ್ತದೆ. ಮೂಲ ಲ್ಯಾಟಿನ್ನಿನ ‘ಫಾಸ್ಕಿಯ’. ಹಿಮ್ಮಡಿ ನೋವಿಗೆ ವೈದ್ಯರು ಹೇಳುವ ‘ಪ್ಲಾಂಟರ್ ಫ್ಯಾಸಿಯೈಟಿಸ್’ ಒಳಗೂ ಇದೇ ಪಟ್ಟಿ ಇದೆ. ಮೆಕ್ಸಿಕೋದಲ್ಲಿ ಬಾಣಂತಿಯ ಹೊಟ್ಟೆಗೆ ಬಿಗಿದು ಸುತ್ತುವ ಪಟ್ಟಿಯನ್ನೂ ಫಾಹ ಎನ್ನುತ್ತಾರೆ. ನಮ್ಮ ಅಜ್ಜಿಯರು ಹಳೆಯ ಸೀರೆಯಲ್ಲಿ ಮಾಡುತ್ತಿದ್ದ ಆರೈಕೆಯೇ ಅದು.

ಬಟ್ಟೆಯಿಂದ ಈ ಪದ ಕಸಾಯಿಖಾನೆಗೆ ಹೋದ ದಾರಿ ನೇರವಾಗಿದೆ. ದನದ ಎದೆಗೂಡನ್ನೂ ಹೊಟ್ಟೆಯನ್ನೂ ಬೇರ್ಪಡಿಸುವ ವಪೆ ಕತ್ತರಿಸಿ ತೆಗೆದರೆ ಉದ್ದನೆಯ, ತೆಳ್ಳಗಿನ ಪಟ್ಟಿಯಾಗಿ ಬರುತ್ತದೆ. ನಾರು ಹೆಚ್ಚು, ಅಗಿಯುವುದು ಕಷ್ಟ, ರುಚಿ ಮಾತ್ರ ಗಾಢ. ಟೆಕ್ಸಸ್-ಮೆಕ್ಸಿಕೋ ಗಡಿಯ ರಿಯೊ ಗ್ರಾಂಡ್ ನದಿಯ ಬಯಲಿನ ದೊಡ್ಡ ರಾಂಚುಗಳಲ್ಲಿ ದನ ಕಡಿದಾಗ ಒಳ್ಳೆಯ ಮಾಂಸ ಒಡೆಯರ ಪಾಲಿಗೆ ಹೋಗುತ್ತಿತ್ತು. ತಲೆ, ಕರುಳು, ಚರ್ಮ ಮತ್ತು ಇಂಥ ಬೇಡದ ತುಂಡುಗಳು ಮೆಕ್ಸಿಕನ್ ಮೂಲದ ದನಗಾಹಿಗಳಿಗೆ ಕೂಲಿಯ ಒಂದು ಭಾಗವಾಗಿ ಸಿಗುತ್ತಿದ್ದವು. ಟೆಕ್ಸಸ್ ಎ ಅಂಡ್ ಎಂ ವಿಶ್ವವಿದ್ಯಾಲಯದಲ್ಲಿ ಪಾಠ ಹೇಳುತ್ತಿದ್ದ ಹೊಮೆರೊ ರೆಸಿಯೊ ಈ ಪದದ ಜಾಡು ಹಿಡಿದು ಹೋಗಿ 1930ರ ದಶಕದ ಈ ಕೂಲಿಯವರ ಒಲೆಗಳ ಬಳಿ ನಿಂತರು. ನನಗೆ ಈ ಪದದ ಮೇಲೆ ಗೌರವ ಹುಟ್ಟುವುದು ಇಲ್ಲಿಯೇ. ಒಡೆಯ ಬಿಸಾಡಿದ್ದಕ್ಕೆ ದುಡಿದವನು ಹೆಸರಿಟ್ಟ, ಅದೂ ಮಕ್ಕಳನ್ನು ಕರೆಯುವ ಹಾಗೆ ಮುದ್ದಿನ ಪ್ರತ್ಯಯ ಸೇರಿಸಿ. ಮೆಕ್ಸಿಕೋದ ಒಳನಾಡಿನಲ್ಲಿ ಇದೇ ಮಾಂಸವನ್ನು ‘ಅರ್ರಚೇರ’ ಎನ್ನುತ್ತಾರೆ. ಫಹೀತ ಗಡಿಸೀಮೆಯ ಮಾತು.

ಗಡಿಸೀಮೆಯ ಈ ಅಡುಗೆಗೆ ‘ಟೆಕ್ಸ್-ಮೆಕ್ಸ್’ ಎಂಬ ಹೆಸರು ಬಂದದ್ದು ಒಂದು ರೈಲುಮಾರ್ಗದಿಂದ. ಟೆಕ್ಸಸ್ ಮೆಕ್ಸಿಕನ್ ರೈಲ್ವೆಯನ್ನು ಪತ್ರಿಕೆಗಳು ಚುಟುಕಾಗಿ ಹಾಗೆ ಬರೆಯುತ್ತಿದ್ದವು. 1972ರಲ್ಲಿ ಡಯಾನ ಕೆನಡಿ ಮೆಕ್ಸಿಕೋದ ಅಡುಗೆಗಳ ಬಗ್ಗೆ ಬರೆದ ಪುಸ್ತಕ ಒಳನಾಡಿನ ಊಟಕ್ಕೂ ಗಡಿಯಾಚೆಯ ಊಟಕ್ಕೂ ನಡುವೆ ಗೆರೆ ಎಳೆದ ಮೇಲೆ ಟೆಕ್ಸ್-ಮೆಕ್ಸ್ ಎಂಬುದು ಕೆಲವರ ಬಾಯಲ್ಲಿ ಕೀಳಿನ ಸೂಚನೆಯಾಯಿತು. ಆ ತಾತ್ಸಾರ ನನಗೆ ಒಪ್ಪಿಗೆಯಿಲ್ಲ. ತಲೆಮಾರುಗಳಿಂದ ಒಂದೇ ನೆಲದಲ್ಲಿ ಬದುಕಿದವರ ಅಡುಗೆ ಯಾವುದರದ್ದೂ ಕೆಟ್ಟ ನಕಲು ಆಗಲಾರದು.

ಮುಂದಿನ ಕಥೆ ಬೇಗ ಸಾಗುತ್ತದೆ. 1969ರ ಸೆಪ್ಟೆಂಬರಿನಲ್ಲಿ, ಮೆಕ್ಸಿಕೋದ ಸ್ವಾತಂತ್ರ್ಯದ ಹಬ್ಬಕ್ಕೆ, ಆಸ್ಟಿನ್‌ನ ಮಾಂಸದಂಗಡಿಯಲ್ಲಿ ಕೆಲಸ ಮಾಡುತ್ತಿದ್ದ ಸನ್ನಿ ಫಾಲ್ಕನ್ ಪಕ್ಕದ ಕೈಲ್ ಎಂಬ ಊರಿನಲ್ಲಿ ಫಹೀತ ಟಾಕೊ ಮಾರುವ ಮಳಿಗೆ ಹಾಕಿದರು. 1973ರಲ್ಲಿ ಹ್ಯೂಸ್ಟನ್ನಿನ ನ್ಯಾವಿಗೇಶನ್ ಬುಲೆವಾರ್ಡಿನಲ್ಲಿ ನಿನ್ಫ ಲಾರೆಂಜೊ ತಮ್ಮ ಟಾರ್ಟಿಯ (ಮೆಕ್ಸಿಕೋದ ತೆಳು ರೊಟ್ಟಿ) ಕಾರ್ಖಾನೆಯ ಮುಂಭಾಗದಲ್ಲಿ ಹತ್ತು ಮೇಜುಗಳ ಹೋಟೆಲು ತೆರೆದರು. ಗಂಡ ತೀರಿಹೋಗಿದ್ದರು, ಕಾರ್ಖಾನೆ ಕುಂಟುತ್ತಿತ್ತು. ಅವರು ಕೆಂಡದ ಮೇಲೆ ಸುಟ್ಟ ಈ ಮಾಂಸವನ್ನು ‘ಟಾಕೊಸ್ ಅಲ್ ಕಾರ್ಬೊನ್’ ಎಂದು ಕರೆದರು, ಅಂದರೆ ಕೆಂಡದ ಟಾಕೊ. 1982ರಲ್ಲಿ ಆಸ್ಟಿನ್‌ನ ಹಯಾತ್ ರೀಜೆನ್ಸಿಯಲ್ಲಿ ಬಾಣಸಿಗ ಜಾರ್ಜ್ ವೈಡ್‌ಮನ್ ಫಹೀತವನ್ನು ಕಾದ ಕಬ್ಬಿಣದ ತಟ್ಟೆಯಲ್ಲಿಟ್ಟು ಚುರ್ರೆನ್ನಿಸುತ್ತ ಮೇಜಿಗೆ ಕಳಿಸಿದರು. ಆ ಸದ್ದು, ಆ ಹೊಗೆ ಇಡೀ ಅಮೆರಿಕದಲ್ಲಿ ಹಬ್ಬಿತು. ಮಾಂಸದ ತುಂಡೊಂದರ ಹೆಸರು ಬಡಿಸುವ ರೀತಿಯ ಹೆಸರಾಯಿತು. ಚಿಕನ್ ಫಹೀತ ಬಂತು, ಅದರ ಬೆನ್ನಿಗೆ ಸೀಗಡಿ ಫಹೀತ.

ಕಟುಕನ ಲೆಕ್ಕದಲ್ಲಿ ಸೀಗಡಿ ಫಹೀತ ಅಸಾಧ್ಯ. ಸೀಗಡಿಗೆ ವಪೆಯಿಲ್ಲ, ಪಟ್ಟಿ ಕತ್ತರಿಸುವಷ್ಟು ಮೈಯೂ ಇಲ್ಲ. ಹಳೆಯ ಟೆಕ್ಸಸ್‌ನವರು ಈಗಲೂ ಇದನ್ನು ಎತ್ತಿ ಆಡುತ್ತಾರೆ. ಕನ್ನಡದವರು ಈ ವಾದಕ್ಕೆ ಉತ್ತರ ಹುಡುಕಲು ದೂರ ಹೋಗಬೇಕಾಗಿಲ್ಲ. ಎಳ್ಳಿನ ನೆಯ್, ಅಂದರೆ ಎಳ್ಳಿನ ಜಿಡ್ಡು, ನಮ್ಮಲ್ಲಿ ‘ಎಣ್ಣೆ’ಯಾಯಿತು. ಆಮೇಲೆ ಕೊಬ್ಬರಿಯೂ ಕಡಲೆಕಾಯಿಯೂ ಎಣ್ಣೆ ಕೊಟ್ಟವು. ಕೊನೆಗೆ ನೆಲದಡಿಯಿಂದ ಬಂದ, ಜಿಡ್ಡಿಗೂ ಬಾಯಿಗೂ ಸಂಬಂಧವಿಲ್ಲದ ದ್ರವ ಸೀಮೆಎಣ್ಣೆಯಾಯಿತು. ಎಳ್ಳೆಲ್ಲಿ ಎಂದು ಯಾರೂ ಕೇಳಲಿಲ್ಲ. ಸೀಗಡಿ ಫಹೀತ ಆ ಜಾತಿಯದು. ಉಣ್ಣುವವರು ಹಿಗ್ಗಿಸಿದ ಪದವನ್ನು ಕಟುಕರು ಮತ್ತೆ ಕುಗ್ಗಿಸಲಾರರು.

ಆದರೆ ಪದ ಒಂಟಿಯಾಗಿ ವಲಸೆ ಹೋಗುವುದಿಲ್ಲ, ತನ್ನ ಹಳೆಯ ಅಭ್ಯಾಸಗಳನ್ನೂ ಹೊತ್ತು ತರುತ್ತದೆ. ಹೋಟೆಲಿನಲ್ಲಿ ಮೆಚ್ಚಿದ ಸೀಗಡಿಯನ್ನು ಮನೆಯಲ್ಲಿ ಮಾಡಲು ಹೊರಟವರು ಇದನ್ನು ಅರಿತಿರಬೇಕು. ಫಹೀತ ಎಂದ ಕೂಡಲೇ ಕೈ ಹೋಗುವುದು ನೆನೆಹಾಕುವುದಕ್ಕೆ. ನಿಂಬೆರಸ, ಸೋಯಾ ಸಾಸ್, ಅನಾನಸ್ ರಸದಲ್ಲಿ ರಾತ್ರಿಯಿಡೀ ನೆನೆಸುವುದು ಹ್ಯೂಸ್ಟನ್ನಿನ ಹಲವು ಅಡುಗೆಮನೆಗಳ ಪದ್ಧತಿ. ನಾರಿನ ಮಾಂಸಕ್ಕೆ ಅದು ಸರಿ. ಹಸಿ ಅನಾನಸ್ಸಿನಲ್ಲಿರುವ ಬ್ರೊಮೆಲೈನ್ ಎಂಬ ಕಿಣ್ವ ಪ್ರೋಟೀನನ್ನು ಕಡಿದು ಮೆತ್ತಗಾಗಿಸುತ್ತದೆ. ಸೀಗಡಿ ಹುಟ್ಟಿನಿಂದಲೇ ಮೆತ್ತಗಿದೆ. ಅನಾನಸ್ ರಸದಲ್ಲಿ ಗಂಟೆಗಟ್ಟಲೆ ಇಟ್ಟರೆ ಅದರ ಹೊರಮೈ ಕರಗಿ ಹಿಟ್ಟಿನಂತಾಗುತ್ತದೆ. ನಿಂಬೆರಸವೂ ಅಷ್ಟೆ, ಬೆಂಕಿ ಕಾಣುವ ಮೊದಲೇ ಅದನ್ನು ಬಿಳಿಚಿಸಿ ಬಿಗಿಗೊಳಿಸುತ್ತದೆ. ಹೆಸರು ದನದ ಮಾಂಸದಿಂದ ಬಂದದ್ದಾದರೂ ಗಡಿಯಾರ ಸೀಗಡಿಯದೇ ಆಗಿರಬೇಕು.

ಅರ್ಧ ಕಿಲೊ ಸೀಗಡಿಗೆ ಎರಡು ಚಮಚ ಎಣ್ಣೆ, ಜಜ್ಜಿದ ಮೂರ್ನಾಲ್ಕು ಎಸಳು ಬೆಳ್ಳುಳ್ಳಿ, ಅರ್ಧ ಚಮಚ ಹುರಿದ ಜೀರಿಗೆಪುಡಿ, ಒಂದು ಚಮಚ ಆಂಚೊ ಮೆಣಸಿನ ಪುಡಿ, ಉಪ್ಪು, ತುರಿದ ನಿಂಬೆಸಿಪ್ಪೆ. ಇಪ್ಪತ್ತು ನಿಮಿಷ ಸಾಕು. ಆಂಚೊ ಎಂದರೆ ಹಣ್ಣಾಗಿಸಿ ಒಣಗಿಸಿದ ಪೊಬ್ಲಾನೊ ಮೆಣಸು. ಅದರಲ್ಲಿ ಖಾರಕ್ಕಿಂತ ಒಣದ್ರಾಕ್ಷಿಯ ಸಿಹಿಗಂಪು ಹೆಚ್ಚು. ಬ್ಯಾಡಗಿ ಬಣ್ಣ ಕೊಡುತ್ತದೆ, ಖಾರವನ್ನೂ ಹದದಲ್ಲಿಡುತ್ತದೆ, ಆ ಸಿಹಿ ಮಾತ್ರ ಬಾರದು. ಬ್ಯಾಡಗಿ ಬಳಸಿದರೆ ಚಿಟಿಕೆ ಬೆಲ್ಲ ಹಾಕಿ. ನಿಂಬೆರಸ ಒಲೆಯಿಂದ ಇಳಿಸಿದ ಮೇಲೆ, ಬೆಳ್ಳುಳ್ಳಿ ಬೆಣ್ಣೆಯ ಜೊತೆಗೆ.

ಇನ್ನು ಬೆಂಕಿ. ಮನೆಯಲ್ಲಿ ಮಾಡುವವರು ಮೊದಲು ಕೊಳ್ಳುವುದು ಆ ಕಬ್ಬಿಣದ ತಟ್ಟೆಯನ್ನು, ಏಕೆಂದರೆ ಅವರ ಕಿವಿಯಲ್ಲಿ ಫಹೀತ ಎಂದರೆ ಆ ಚುರ್ ಸದ್ದು. ನನ್ನ ಮಟ್ಟಿಗೆ ಆ ಸದ್ದು ಪದದ ಹೊರಗಿನ ಪದರ, 1982ರಲ್ಲಿ ಸೇರಿದ್ದು. ಅದರ ತಿರುಳು ಕೆಂಡ. ಸೀಗಡಿಯ ಮಟ್ಟಿಗಂತೂ ತಟ್ಟೆ ಶತ್ರು: ಬೆಂದು ಬಂದದ್ದು ಅದರ ಮೇಲೆ ಕುಳಿತು ಇನ್ನೂ ಬೇಯುತ್ತದೆ, ಮಾತು ಮುಗಿಯುವಷ್ಟರಲ್ಲಿ ರಬ್ಬರಾಗುತ್ತದೆ. ಸೀಗಡಿಯನ್ನು ಒಂದರ ಪಕ್ಕ ಒಂದರಂತೆ ಎರಡು ಕಡ್ಡಿಗಳಿಗೆ ಪೋಣಿಸಿ (ಒಂದೇ ಕಡ್ಡಿಯಾದರೆ ತಿರುವಿದಾಗ ಗಿರಗಿರ ಸುತ್ತುತ್ತವೆ) ನಿಗಿನಿಗಿ ಕೆಂಡದ ಮೇಲೆ ಒಂದೊಂದು ಮಗ್ಗುಲಿಗೆ ಎರಡೆರಡು ನಿಮಿಷ ಹಿಡಿಯಬೇಕು. ಅರ್ಧಚಂದ್ರದಷ್ಟು ಬಾಗಿದಾಗ ಇಳಿಸಿ. ತಲೆಬಾಲ ಕೂಡಿಸಿ ಸುರುಳಿಯಾದರೆ ಸಮಯ ಮೀರಿತು. ಕಾದ ತಟ್ಟೆ ಈರುಳ್ಳಿಗೂ ದೊಣ್ಣೆಮೆಣಸಿಗೂ ಇರಲಿ, ಅವಕ್ಕೆ ಆ ಏಟು ಬೇಕು. ಸೀಗಡಿ ಪಕ್ಕದಲ್ಲಿ ತಣ್ಣನೆಯ ತಟ್ಟೆಯಲ್ಲಿ ಬರಲಿ.

ಟೆಕ್ಸಸ್‌ನಲ್ಲಿ ಈ ಕೆಂಡಕ್ಕೆ ಬಳಸುವುದು ಮೆಸ್ಕೀಟ್ ಮರ, ದನಗಾವಲುಗಳಲ್ಲಿ ತಾನಾಗಿ ಬೆಳೆದು ರೈತರನ್ನು ಕಾಡುವ ಮುಳ್ಳುಮರ. ಅದರ ಹತ್ತಿರದ ದಾಯಾದಿ ನಮ್ಮಲ್ಲಿದೆ. ಮೆಕ್ಸಿಕೋ ಮತ್ತು ಅದರ ದಕ್ಷಿಣದ ನಾಡುಗಳ ಮರವೊಂದನ್ನು ಬ್ರಿಟಿಷರ ಕಾಲದಲ್ಲಿ ಇಲ್ಲಿಗೆ ತಂದು ನೆಟ್ಟರು, ಒಣನೆಲವನ್ನೆಲ್ಲ ಅದು ಆಕ್ರಮಿಸಿತು, ನಾವು ‘ಬಳ್ಳಾರಿ ಜಾಲಿ’ ಎಂದು ಕರೆದೆವು. ಎಲ್ಲಿಂದಲೋ ಬಂದದ್ದಕ್ಕೆ ನಮ್ಮ ಊರಿನ ಹೆಸರು! ಅದರ ಇದ್ದಿಲು ಗಟ್ಟಿ, ಕಾವು ಬಹಳ ಹೊತ್ತು ನಿಲ್ಲುತ್ತದೆ. ಬಯಲುಸೀಮೆಯಲ್ಲಿ ಇರುವವರು ಈ ಸೀಗಡಿ ಸುಡುವುದಾದರೆ ಬೇರೆ ಇದ್ದಿಲು ಹುಡುಕುವುದೇ ಬೇಡ.

ಸೀಗಡಿಯದೂ ಇಂಥದೇ ಪಯಣ. ಹ್ಯೂಸ್ಟನ್ನಿನಿಂದ ಒಂದು ಗಂಟೆ ದೂರದ ಗ್ಯಾಲ್ವೆಸ್ಟನ್‌ನಲ್ಲಿ ಮೆಕ್ಸಿಕೋ ಕೊಲ್ಲಿಯ ಕಂದು ಸೀಗಡಿ ದೋಣಿಯಿಂದಿಳಿದಂತೆ ಸಿಗುತ್ತದೆ. ಕಡಲಿನ ಗಾಢ, ಸ್ವಲ್ಪ ಅಯೋಡಿನ್ ವಾಸನೆಯ ರುಚಿ. ಕೆಂಡಕ್ಕೆ ಅದೇ ಮೇಲು. ಸೂಪರ್ ಮಾರ್ಕೆಟ್ಟಿನ ಹೆಪ್ಪುಗಟ್ಟಿದ ಪೊಟ್ಟಣ ತಿರುವಿ ನೋಡಿದರೆ ಹಲವು ಸಲ ‘ಭಾರತದ ಉತ್ಪನ್ನ’ ಎಂದಿರುತ್ತದೆ. ಒಳಗಿರುವುದು ವನ್ನಮೈ. ಅದರ ತವರು ಮೆಕ್ಸಿಕೋದಿಂದ ಪೆರುವರೆಗಿನ ಶಾಂತಸಾಗರದ ದಡ. 2009ರಲ್ಲಿ ಭಾರತ ಸಾಕಲು ಅನುಮತಿ ಕೊಟ್ಟ ಮೇಲೆ ಆಂಧ್ರದ ಕೊಳಗಳನ್ನು ತುಂಬಿತು, ಅಲ್ಲಿಂದ ಅಮೆರಿಕಕ್ಕೆ ಬರುತ್ತಿದೆ. ಕೊಳ್ಳುವಾಗ ‘ಕೌಂಟ್’ ನೋಡಬೇಕು: ಟೆಕ್ಸಸ್‌ನಲ್ಲಿ ಅದು ಪೌಂಡಿಗೆ ಎಷ್ಟು ಸೀಗಡಿ ಎಂಬ ಲೆಕ್ಕ, ನಮ್ಮ ಸಾಕಣೆಯವರಲ್ಲಿ ಕಿಲೊಗೆ. ಹದಿನಾರರಿಂದ ಇಪ್ಪತ್ತರ ಕೌಂಟ್ ಎಂದು ಟೆಕ್ಸಸ್‌ನಲ್ಲಿ ಕೇಳಿದರೆ ಸಿಗುವುದು ನಮ್ಮ ನಲವತ್ತರ ಕೌಂಟಿನ ಆಸುಪಾಸು. ಅದಕ್ಕಿಂತ ಚಿಕ್ಕದು ಬೇಡ, ಹೊಗೆ ಹಿಡಿಯುವ ಮೊದಲೇ ಬೆಂದುಹೋಗುತ್ತದೆ. ಸೀಗಡಿಯನ್ನು ಚಟ್ಲಿ ಎನ್ನುವ ಕುಂದಾಪುರದ ಕಡೆಯವರಿಗೆ ಅದನ್ನು ಆರಿಸುವುದನ್ನು ನಾನು ಹೇಳಿಕೊಡಬೇಕಾಗಿಲ್ಲ.

ಪದದ ಪ್ರಯಾಣ ಇನ್ನೂ ನಡೆದಿದೆ. ಅಮೆರಿಕದ ತರಕಾರಿ ಕಪಾಟಿನಲ್ಲಿ ಈಗ ‘ಫಹೀತ ತರಕಾರಿ’ ಎಂಬ ಪೊಟ್ಟಣ ಸಿಗುತ್ತದೆ: ಉದ್ದುದ್ದ ಸೀಳಿದ ಈರುಳ್ಳಿ, ಕೆಂಪು-ಹಸಿರು ದೊಣ್ಣೆಮೆಣಸು, ಅಷ್ಟೇ. ಮಾಂಸದ ಹೆಸರು ಅದರ ಜೊತೆಗಾರರಿಗೆ ಹೋಯಿತು. ಇದರಿಂದ ನಮ್ಮಂಥವರ ಬಳಗಕ್ಕೆ ಉಪಕಾರವೇ ಆಗಿದೆ. ಮಾಂಸ ಮುಟ್ಟದ ಗೆಳೆಯರು ಮನೆಗೆ ಬಂದಾಗ ಅವರ ಪಾಲಿಗೆ ಪನೀರೋ ದಪ್ಪ ಅಣಬೆಯೋ ಬೇರೆ ಕಡ್ಡಿಯಲ್ಲಿ ಬೇಯುತ್ತದೆ, ಊಟಕ್ಕೆ ಮಾತ್ರ ಎಲ್ಲರಿಗೂ ಒಂದೇ ಹೆಸರು. ಅದೇ ಬಿಸಿ ಟಾರ್ಟಿಯ, ಅದೇ ಈರುಳ್ಳಿ, ಅದೇ ಹಸಿ ಟೊಮೆಟೊ-ಕೊತ್ತಂಬರಿ, ಬೆಣ್ಣೆಹಣ್ಣಿನ ಗ್ವಾಕಮೋಲೆ. ಸುತ್ತಿಕೊಳ್ಳುವುದು ಅವರವರ ಕೈಗೆ ಬಿಟ್ಟದ್ದು. ಬಡಿಸಿಕೊಂಡು ತಾನೇ ಕಟ್ಟಿಕೊಳ್ಳುವ ಈ ಸ್ವಾತಂತ್ರ್ಯವನ್ನು ನಾನು ಪದದ ಇಂದಿನ ಅರ್ಥದಲ್ಲಿ ಮೊದಲು ಇಡುತ್ತೇನೆ. ಬೇಯಿಸಿದವರೇ ಸುತ್ತಿ ಕೊಟ್ಟರೆ ಅದು ಬರೀ ಟಾಕೊ.

ಹಾಗೆಂದು ಹಳೆಯ ಅರ್ಥ ಸತ್ತಿಲ್ಲ. ಹ್ಯೂಸ್ಟನ್ನಿನ ಮೆಕ್ಸಿಕನ್ ಮಾಂಸದಂಗಡಿಗಳಲ್ಲಿ, ಕಾರ್ನಿಸೆರಿಯ ಎನ್ನುತ್ತಾರೆ ಅವನ್ನು, ಗಾಜಿನ ಹಿಂದೆ ‘ಫಹೀತ ದೆ ರೆಸ್’ ಎಂಬ ಚೀಟಿ ಚುಚ್ಚಿದ ಉದ್ದನೆಯ ಕೆಂಪು ಪಟ್ಟಿಗಳು ಒಂದರ ಮೇಲೊಂದು ಮಲಗಿರುತ್ತವೆ. ಒಂದು ಕಾಲಕ್ಕೆ ಕೂಲಿಯೊಡನೆ ಪುಕ್ಕಟೆ ಕೊಡುತ್ತಿದ್ದದ್ದು ಈಗ ಅಗ್ಗದ ತುಂಡುಗಳ ಸಾಲಿನಲ್ಲಿಲ್ಲ. ಒಂದು ದನದಲ್ಲಿ ಸಿಗುವುದು ಕೆಲವೇ ಪಟ್ಟಿ, ಬೇಡುವವರು ದೇಶ ತುಂಬ. ಅದೇ ಅಂಗಡಿಯ ಮೀನಿನ ಕಟ್ಟೆಯಲ್ಲಿ ಸೀಗಡಿ ‘ಕಮರೋನ್’ ಎಂಬ ತನ್ನ ಹೆಸರಿನಲ್ಲೇ ಇರುತ್ತದೆ. ಅದು ಫಹೀತ ಆಗುವುದು ಕೊಂಡವರ ಮನೆಯ ಹಿತ್ತಿಲಿನಲ್ಲಿ, ಕೆಂಡ ಬೂದಿ ಹಿಡಿದು ಹದಕ್ಕೆ ಬಂದ ಮೇಲೆ.