ಹೆಸರಿನ ಬಾಲದ ಅಂಕಿ: ಡೇಟಾಬೇಸ್ ಕ್ಲೈಂಟ್ ಲೈಬ್ರರಿಗಳ ಚರಿತ್ರೆಯತ್ತ ಒಂದು ನೋಟ

ಡೇಟಾಬೇಸಿನ ಚರಿತ್ರೆ ಎಂದರೆ ನಮ್ಮಲ್ಲಿ ಬಹುಪಾಲು ಸರ್ವರಿನ ಚರಿತ್ರೆಯೇ. ಕೇಳುವ ತಂತ್ರಾಂಶಕ್ಕೂ ಉತ್ತರಿಸುವ ಸರ್ವರಿಗೂ ನಡುವೆ ನಿಂತು ಇಬ್ಬರ ಮಾತನ್ನೂ ಸಾಗಿಸುವ ಕ್ಲೈಂಟ್ ಲೈಬ್ರರಿಯ ಕಡೆಗೆ ಕಣ್ಣು ಹಾಯಿಸಿದವರು ಕಡಿಮೆ. ಪರವಾನಗಿಯ ತಕರಾರು, ಪಾಸ್‌ವರ್ಡ್ ಪದ್ಧತಿಯ ಪಲ್ಲಟ, ಚೆನ್ನಾಗಿ ನಡೆಯುತ್ತಿದ್ದ ತಂತ್ರಾಂಶ ಒಂದು ಬೆಳಗ್ಗೆ ನಿಂತುಹೋಗುವುದು, ಇವೆಲ್ಲವೂ ಮೊದಲು ತಲೆದೋರಿದ್ದು ಈ ಲೈಬ್ರರಿಯ ಕಡತದಲ್ಲೇ. ಪೋಸ್ಟ್‌ಗ್ರೆಸ್‌ನ ಲಿಬ್‌ಪಿಕ್ಯು ಮತ್ತು ಮೈಎಸ್‌ಕ್ಯೂಎಲ್‌ನ ಲಿಬ್‌ಮೈಎಸ್‌ಕ್ಯೂಎಲ್‌ಕ್ಲೈಂಟ್ ಎಂಬ ಎರಡನ್ನು ಎದುರುಬದುರಿಟ್ಟು ನೋಡುವುದು ಈ ಲೇಖನದ ಉದ್ದೇಶ.

ಒಂದೇ ಲೈಬ್ರರಿ ಕಡತವನ್ನು ಹಲವು ತಂತ್ರಾಂಶಗಳು ಹಂಚಿಕೊಳ್ಳುವ ಏರ್ಪಾಡಿನ ಬೇರು 1960ರ ದಶಕದ ಕಾರ್ಯಾಚರಣಾ ವ್ಯವಸ್ಥೆಯಾದ ಮಲ್ಟಿಕ್ಸ್‌ನಲ್ಲಿದೆ. ಯುನಿಕ್ಸ್ ಬಳಗದಲ್ಲಿ ಅದಕ್ಕೆ ಇಂದಿನ ರೂಪ ಬಂದದ್ದು 1988ರ ಸನ್‌ಒಎಸ್ 4.0ರ ಹೊತ್ತಿಗೆ. ಕಡತದ ಹೆಸರಿನ ಬಾಲದಲ್ಲಿ ಒಂದು ಅಂಕಿ ಇರುತ್ತದೆ. ಅಂಕಿ ಸೇರಿದ ಆ ಹೆಸರನ್ನು ತಂತ್ರಜ್ಞರು ಸೋನೇಮ್ ಎನ್ನುತ್ತಾರೆ. ಅಂಕಿ ಹಾಗೇ ಉಳಿದರೆ ಹಳೆಯ ತಂತ್ರಾಂಶವನ್ನು ಮತ್ತೆ ಕಂಪೈಲ್ ಮಾಡಬೇಕಿಲ್ಲ, ಬದಲಾದರೆ ಮಾಡಲೇಬೇಕು. ಲೈಬ್ರರಿ ಬರೆದವರು ಬಳಸುವವರಿಗೆ ಕೊಟ್ಟ ಮಾತು ಅದು.

ಲಿಬ್‌ಪಿಕ್ಯು ಎಂಬ ಹೆಸರಿನಲ್ಲೇ ಒಂದು ಪಳೆಯುಳಿಕೆ ಇದೆ. 1986ರಲ್ಲಿ ಬರ್ಕ್ಲಿಯಲ್ಲಿ ಮೈಕೆಲ್ ಸ್ಟೋನ್‌ಬ್ರೇಕರ್ ನೇತೃತ್ವದಲ್ಲಿ ಶುರುವಾದ ಪೋಸ್ಟ್‌ಗ್ರೆಸ್‌ನ ಭಾಷೆ ಎಸ್‌ಕ್ಯೂಎಲ್ ಅಲ್ಲ, ಪೋಸ್ಟ್‌ಕ್ವೆಲ್. 1994ರಲ್ಲಿ ಆಂಡ್ರ್ಯೂ ಯು ಮತ್ತು ಜಾಲಿ ಚೆನ್ ಎಸ್‌ಕ್ಯೂಎಲ್ ತಂದಾಗ ಹಳೆಯ ಭಾಷೆ ಮರೆಯಾಯಿತು. ಆದರೆ ಪಿಕ್ಯು ಎಂಬ ಎರಡಕ್ಷರ ಲೈಬ್ರರಿಯ ಹೆಸರಿನಲ್ಲೂ ಅದರ ಬಹುತೇಕ ಫಂಕ್ಷನ್‌ಗಳ ತಲೆಯ ಮೇಲೂ ಉಳಿದುಕೊಂಡಿತು. ಪೋಸ್ಟ್‌ಗ್ರೆಸ್ ತಂಡ ಈ ಬಾಲದ ಅಂಕಿಯ ವಿಷಯದಲ್ಲಿ ಒಮ್ಮೆ ಎಡವಿತ್ತು. 2005ರ ಜನವರಿಯಲ್ಲಿ ಬಂದ 8.0ರಲ್ಲಿ ಅಂಕಿ ಏರಿಸಬೇಕಿತ್ತು, ಏರಿಸಲಿಲ್ಲ. ಏಪ್ರಿಲಿನಲ್ಲಿ 8.0.2 ಹೊರಡಿಸಿ ತಿದ್ದಿಕೊಂಡರು. ಈ ಕೆಲಸ 8.0.0ರಲ್ಲೇ ಆಗಬೇಕಿತ್ತು ಎಂದು ಬಿಡುಗಡೆಯ ಟಿಪ್ಪಣಿಯಲ್ಲೇ ಬರೆದರು. ಅಷ್ಟು ನೇರವಾದ ತಪ್ಪೊಪ್ಪಿಗೆ ತಂತ್ರಾಂಶದ ದಾಖಲೆಗಳಲ್ಲಿ ಅಪರೂಪ. 2006ರ 8.2ರಲ್ಲಿ ಅಂಕಿ 5ಕ್ಕೆ ಬಂತು. ಇಂದಿಗೂ ಅದು 5.

ಮೈಎಸ್‌ಕ್ಯೂಎಲ್‌ನ ಕಡತ ಹಾಗೆ ನಿಂತಲ್ಲಿ ನಿಲ್ಲಲಿಲ್ಲ. 3.23ರಲ್ಲಿ 10, 4.0ರಲ್ಲಿ 12, 4.1ರಲ್ಲಿ 14, 5.0ರಲ್ಲಿ 15, 5.1ರಲ್ಲಿ 16, 5.5ರಲ್ಲಿ 18, 8.0ರಲ್ಲಿ 21. ಹಳೆಯ ತಂತ್ರಾಂಶವನ್ನು ಹೊಸ ಯಂತ್ರಕ್ಕೆ ಸಾಗಿಸಿದವರಿಗೆ "ಅಂಥ ಕಡತ ಇಲ್ಲ" ಎಂಬ ದೂರು ಕಂಡದ್ದು ಇದರಿಂದಲೇ.

ಆದರೆ ದೊಡ್ಡ ಬಿರುಕು ಹುಟ್ಟಿದ್ದು ಅಂಕಿಯಿಂದಲ್ಲ, ಪರವಾನಗಿಯಿಂದ. 3.23ರವರೆಗೆ ಕ್ಲೈಂಟ್ ಲೈಬ್ರರಿಗೆ ಎಲ್‌ಜಿಪಿಎಲ್ ಇತ್ತು. ಯಾವ ಪರವಾನಗಿಯ ತಂತ್ರಾಂಶವಾದರೂ ಅದನ್ನು ಜೋಡಿಸಿಕೊಳ್ಳಬಹುದಿತ್ತು. 4.0ರಿಂದ ಅದು ಜಿಪಿಎಲ್ ಆಯಿತು. ಜೋಡಿಸಿಕೊಂಡು ಹಂಚುವ ತಂತ್ರಾಂಶವೂ ಜಿಪಿಎಲ್ ಆಗಬೇಕೆಂಬ ಷರತ್ತು ಜಾಲತಾಣಗಳ ಭಾಷೆಯಾದ ಪಿಎಚ್‌ಪಿಗೆ ಒಗ್ಗುವಂಥದ್ದಲ್ಲ, ಏಕೆಂದರೆ ಪಿಎಚ್‌ಪಿಯ ಪರವಾನಗಿಯೇ ಬೇರೆ. ಅದರ ಜೊತೆಗೇ ಬರುತ್ತಿದ್ದ ಮೈಎಸ್‌ಕ್ಯೂಎಲ್ ಲೈಬ್ರರಿಯನ್ನು 2004ರ ಪಿಎಚ್‌ಪಿ 5ರಿಂದ ತೆಗೆದುಹಾಕಲಾಯಿತು. ಮುಕ್ತ ತಂತ್ರಾಂಶಗಳಿಗೆಂದು ಮೈಎಸ್‌ಕ್ಯೂಎಲ್ ಸಂಸ್ಥೆ ಅದೇ ವರ್ಷ ವಿನಾಯಿತಿ ಪ್ರಕಟಿಸಿತು. ಕೊನೆಗೆ ಅದರ ಎಂಜಿನಿಯರುಗಳೇ ಪಿಎಚ್‌ಪಿಯ ಪರವಾನಗಿಯಡಿ ಪ್ರತ್ಯೇಕ ಲೈಬ್ರರಿ ಬರೆದುಕೊಟ್ಟರು. ಮೈಎಸ್‌ಕ್ಯೂಎಲ್‌ಎನ್‌ಡಿ ಎಂಬ ಅದು 2009ರ ಪಿಎಚ್‌ಪಿ 5.3ರಲ್ಲಿ ಬಂತು, 2012ರ 5.4ರಲ್ಲಿ ಪೂರ್ವನಿಯೋಜಿತ ಆಯ್ಕೆಯಾಯಿತು. ಮುಂದೆ ಮೈಎಸ್‌ಕ್ಯೂಎಲ್‌ನಿಂದ ಕವಲೊಡೆದ ಮರಿಯಾಡಿಬಿ ತನ್ನ ಕ್ಲೈಂಟ್ ಲೈಬ್ರರಿಯನ್ನು ಎಲ್‌ಜಿಪಿಎಲ್‌ನಲ್ಲೇ ಕೊಟ್ಟದ್ದನ್ನೂ ಈ ಹಿನ್ನೆಲೆಯಲ್ಲೇ ಓದಬೇಕು. ಒಂದೇ ಸರ್ವರಿಗೆ ಮೂರು ಲೈಬ್ರರಿ ಹುಟ್ಟಿದ್ದು ತಾಂತ್ರಿಕ ಕೊರತೆಯಿಂದಲ್ಲ, ಕಾನೂನಿನ ಒಂದು ಸಾಲಿನಿಂದ ಎಂಬುದು ನನ್ನ ನಿಲುವು.

ಸೋನೇಮ್ ಅಂಕಿಯ ಮಿತಿ ಬಯಲಾದದ್ದು ಪಾಸ್‌ವರ್ಡಿನ ಪ್ರಕರಣದಲ್ಲಿ. 4.1ರಲ್ಲಿ ಮೈಎಸ್‌ಕ್ಯೂಎಲ್ ಪಾಸ್‌ವರ್ಡ್ ಹ್ಯಾಶನ್ನು 16 ಅಕ್ಷರದಿಂದ 41ಕ್ಕೆ ಬೆಳೆಸಿತು. 12ನೆಯ ಅಂಕಿಯ ಲೈಬ್ರರಿ ಯಂತ್ರದಲ್ಲಿ ಸರಿಯಾಗಿಯೇ ಲೋಡ್ ಆಗುತ್ತಿತ್ತು. ಹೊಸ ಹ್ಯಾಶ್ ಇದ್ದ ಖಾತೆಗೆ ಒಳಹೋಗಲು ಮಾತ್ರ ಸರ್ವರ್ ಬಿಡುತ್ತಿರಲಿಲ್ಲ. ಆ ಅಂಕಿ ಕಾಯುವುದು ತಂತ್ರಾಂಶಕ್ಕೂ ಲೈಬ್ರರಿಗೂ ನಡುವಿನ ಒಪ್ಪಂದವನ್ನು. ಲೈಬ್ರರಿಗೂ ಸರ್ವರಿಗೂ ನಡುವಿನದನ್ನು ಅದು ಕಾಯದು. 2018ರ 8.0ರಲ್ಲಿ ದೃಢೀಕರಣದ ಪದ್ಧತಿ ಮತ್ತೆ ಬದಲಾದಾಗ ಇದೇ ಮರುಕಳಿಸಿತು. ಅಂಕಿಯನ್ನು ಅಲುಗಿಸದ ಲಿಬ್‌ಪಿಕ್ಯು ಕೂಡ ಪಾರಾಗಲಿಲ್ಲ: 2017ರ ಪೋಸ್ಟ್‌ಗ್ರೆಸ್ 10 ಸ್ಕ್ರಾಮ್ ಎಂಬ ದೃಢೀಕರಣ ಪದ್ಧತಿಯನ್ನು ತಂದಾಗ, ಅದೇ 5ರ ಬಾಲವಿದ್ದ ಹಳೆಯ ಕಡತಗಳಿಗೆ ಸ್ಕ್ರಾಮ್ ಖಾತೆಗಳ ಬಾಗಿಲು ತೆರೆಯಲಿಲ್ಲ. ಹೆಸರು ಒಂದೇ, ಸಾಮರ್ಥ್ಯ ಬೇರೆ. ಆದ್ದರಿಂದ ಕಡತದ ಹೆಸರೊಂದನ್ನೇ ನೋಡಿ ಹೊಂದಾಣಿಕೆಯ ಚರಿತ್ರೆ ಬರೆಯಲಾಗದು. ಸರ್ವರಿನೊಡನೆ ಲೈಬ್ರರಿ ಆಡುವ ಪ್ರೋಟೊಕಾಲನ್ನೂ ಜೊತೆಗಿಟ್ಟು ಓದಬೇಕು.

ಹಾಗೆ ಓದಿದಾಗ ಪೋಸ್ಟ್‌ಗ್ರೆಸ್‌ನ ತಾಳ್ಮೆ ಎಷ್ಟು ದೀರ್ಘವಾದದ್ದೆಂದು ತಿಳಿಯುತ್ತದೆ. 2003ರ 7.4ರಲ್ಲಿ ಅದು ಮೂರನೆಯ ಪ್ರೋಟೊಕಾಲಿಗೆ ಬದಲಾಯಿತು. ಎರಡನೆಯದನ್ನು ಆಡುವ ಹಳೆಯ ಕ್ಲೈಂಟುಗಳಿಗೆ ಸರ್ವರ್ ಉತ್ತರಿಸುವುದನ್ನು ನಿಲ್ಲಿಸಿದ್ದು 2021ರಲ್ಲಿ, 14ನೆಯ ಆವೃತ್ತಿಯಲ್ಲಿ.